ನಮ್ಮ ಕಡೆಯವರಿಗೆ ಅಡ್ಡಹೆಸರು ಏಕಿಲ್ಲ?

ಹಾಸನದವನೆಂದು ಹೇಳಿಕೊಂಡ ಕೂಡಲೇ ಧಾರವಾಡದ ಗೆಳೆಯರೂ ಹೊರರಾಜ್ಯದ ಸಹೋದ್ಯೋಗಿಗಳೂ ನನ್ನನ್ನು ಕೇಳುವ ಪ್ರಶ್ನೆ ಒಂದೇ: "ಎರಡು ಇನಿಷಿಯಲ್ ಇವೆ, ಸರಿ, ನಿಮ್ಮ ಸರ್‌ನೇಮ್ ಯಾವುದು?" ಹಳೆ ಮೈಸೂರು ಸೀಮೆಯ ಬಹುಪಾಲು ಮನೆಗಳಲ್ಲಿ ಅಂಥದ್ದೊಂದು ಹೆಸರು ಬಳಕೆಗೇ ಬರಲಿಲ್ಲ ಎಂಬುದು ನನ್ನ ಉತ್ತರ. ಅದರ ಕೆಲಸವನ್ನು ಆ ಎರಡು ಅಕ್ಷರಗಳೇ ಮಾಡುತ್ತವೆ. ಸಾಮಾನ್ಯವಾಗಿ ಮೊದಲನೆಯದು ಊರಿನದು, ಎರಡನೆಯದು ತಂದೆಯದು.

ಚನ್ನರಾಯಪಟ್ಟಣ ತಾಲ್ಲೂಕಿನ ಎಸ್.ಎಲ್. ಭೈರಪ್ಪನವರ ಪೂರ್ಣ ಹೆಸರು ಸಂತೇಶಿವರ ಲಿಂಗಣ್ಣಯ್ಯ ಭೈರಪ್ಪ. ಗೊರೂರು ರಾಮಸ್ವಾಮಿ ಅಯ್ಯಂಗಾರರು ಊರನ್ನು ಒಂದಕ್ಷರಕ್ಕೆ ಇಳಿಸದೆ ಪೂರ್ತಿಯಾಗಿ ಉಳಿಸಿಕೊಂಡದ್ದರಿಂದ ಓದುಗರ ಬಾಯಲ್ಲಿ ಬರೀ "ಗೊರೂರು" ಆದರು. ಇನ್ನು 1933ರಲ್ಲಿ ಹೊಳೆನರಸೀಪುರ ತಾಲ್ಲೂಕಿನಲ್ಲಿ ಹುಟ್ಟಿದ ಮಾಜಿ ಪ್ರಧಾನಿಯವರು ಹರದನಹಳ್ಳಿ ದೊಡ್ಡೇಗೌಡ ದೇವೇಗೌಡ. ಅವರ ಮಗ ಕುಮಾರಸ್ವಾಮಿಯವರದೂ ಎಚ್.ಡಿ.ಯೇ ಆದ್ದರಿಂದ ಅದು ಮನೆತನದ ಗುರುತೆಂದು ಹೊರಗಿನವರು ಭಾವಿಸುತ್ತಾರೆ. ಆದರೆ ತಂದೆಯ "ಡಿ" ದೊಡ್ಡೇಗೌಡರು, ಮಗನ "ಡಿ" ದೇವೇಗೌಡರು. ತಲೆಮಾರು ಬದಲಾದಂತೆ ಎರಡನೆಯ ಅಕ್ಷರ ಬದಲಾಗುವುದೇ ನಿಯಮ, ಇಲ್ಲಿ ಅದು ಆಕಸ್ಮಿಕವಾಗಿ ಹೊಂದಿಕೊಂಡಿದೆ, ಅಷ್ಟೆ.

"ಹಾಗಾದರೆ ಗೌಡ ಎಂಬುದೇ ಸರ್‌ನೇಮ್ ಅಲ್ಲವೇ?" ಎಂಬ ಮರುಪ್ರಶ್ನೆ ತಪ್ಪದೆ ಬರುತ್ತದೆ. ಶಾಸನಗಳ ಗಾವುಂಡ, ಅಂದರೆ ಊರಿನ ಮುಖ್ಯಸ್ಥ, ಕಾಲಕ್ರಮದಲ್ಲಿ ಗೌಡನಾದ; ಅಧಿಕಾರವನ್ನು ಹೆಸರಿಗೆ ಅಂಟಿಸುವ ಪದ್ಧತಿಯಂತೂ ಇನ್ನೂ ಹಳೆಯದು, ಸುಮಾರು ಕ್ರಿ.ಶ. 450ರದೆನ್ನುವ ಬೇಲೂರು ತಾಲ್ಲೂಕಿನ ಹಲ್ಮಿಡಿ ಶಾಸನದಲ್ಲಿಯೇ ವಿಜ ಅರಸನಿದ್ದಾನೆ. ಉತ್ತರದ ಪಾಟೀಲ, ಕುಲಕರ್ಣಿ, ದೇಸಾಯಿಗಳೂ ಹೀಗೆಯೇ ಅಧಿಕಾರದಿಂದ ಬಂದವು, ಆದರೆ ಅಲ್ಲಿ ಅವು ಬೇರೆಯಾಗಿ ನಿಂತು ಅಡ್ಡಹೆಸರುಗಳಾದವು. ನಮ್ಮಲ್ಲಿ ಅಂಕಿತನಾಮದೊಳಗೇ ಬೆರೆತು ತಿಮ್ಮೇಗೌಡ, ಪುಟ್ಟೇಗೌಡ ಎಂಬ ಒಂದೇ ಪದವಾದವು. ಅದನ್ನು ಅರ್ಜಿಗಾಗಿ ಎರಡು ತುಂಡು ಮಾಡಿದರೆ ಮೊದಲ ಖಾನೆಯಲ್ಲಿ ಉಳಿಯುವ "ತಿಮ್ಮೇ" ಯಾರ ಹೆಸರೂ ಅಲ್ಲ.

ಅಂಕಿತನಾಮದ ಆಯ್ಕೆಗೂ ಕ್ರಮವಿತ್ತು. ಬೇಲೂರಿನ ಸುತ್ತ ಚೆನ್ನಕೇಶವ, ಶೃಂಗೇರಿ ಕಡೆ ಶಾರದೆ, ಹೊರನಾಡಿನ ಕಡೆ ಅನ್ನಪೂರ್ಣೆ, ಚಿಕ್ಕಮಗಳೂರಿನ ಹಳ್ಳಿಗಳಲ್ಲಿ ದೇವೀರಮ್ಮ: ಒಕ್ಕಲಾದ ದೇವರ ಹೆಸರೇ ಮಗುವಿನದು. ಇಲ್ಲವೇ ತಾತನ ಹೆಸರು. ಸೊಸೆ ಮಾವನ ಹೆಸರೆತ್ತಿ ಕರೆಯುವಂತಿರಲಿಲ್ಲವಾದ್ದರಿಂದ ಅದೇ ಹೆಸರಿನ ಸ್ವಂತ ಮಗನನ್ನು ಆಕೆ ಅಣ್ಣಯ್ಯ, ಪುಟ್ಟಸ್ವಾಮಿ ಎಂದು ಕೂಗುತ್ತಿದ್ದಳು. ಶಾಲೆಗೆ ಸೇರಿಸುವಾಗ ಕೆಲವೊಮ್ಮೆ ಆ ಕರೆಯುವ ಹೆಸರೇ ದಾಖಲಾಗಿ, ತಾತನ ಹೆಸರು ನಾಮಕರಣದ ದಿನಕ್ಕಷ್ಟೇ ಉಳಿಯುತ್ತಿತ್ತು.

ತೊಡಕು ಬರುವುದು ಪಾಸ್‌ಪೋರ್ಟಿನಲ್ಲಿ. ಸರ್‌ನೇಮ್ ಖಾನೆಯನ್ನು ಖಾಲಿ ಬಿಡಲು ನಮ್ಮ ಕಚೇರಿಗಳು ಒಪ್ಪಿದರೂ 2022ರ ನವೆಂಬರ್‌ನಲ್ಲಿ ಯುಎಇ ಒಂದೇ ಪದದ ಹೆಸರಿನವರಿಗೆ ಪ್ರವಾಸಿ ವೀಸಾ ನಿರಾಕರಿಸತೊಡಗಿತು. ಹೆಚ್ಚಿನವರು ಆ ಖಾನೆಗೆ ತಂದೆಯ ಹೆಸರು ತುಂಬುತ್ತಾರೆ. ಪರಿಣಾಮವಾಗಿ ವಿದೇಶದ ಕಚೇರಿಗಳಲ್ಲಿ ಮಗನನ್ನು ಅಪ್ಪನ ಹೆಸರಿನಿಂದಲೇ ಕರೆಯುತ್ತಾರೆ. ಸಲಹೆ ಕೇಳಿದವರಿಗೆ ನಾನು ಹೇಳುವುದು, ಮಗುವಿನ ಜನನ ಪತ್ರದಲ್ಲಿಯೇ ಊರಿನ ಹೆಸರನ್ನು ಪೂರ್ತಿಯಾಗಿ ಕೊನೆಯಲ್ಲಿ ಬರೆಸಿ ಎಂದು: ಅದು ತಲೆಮಾರಿಗೆ ಬದಲಾಗುವುದಿಲ್ಲ, ಜಾತಿಯನ್ನು ಹೇಳುವುದಿಲ್ಲ, ಮದುವೆಯಾದ ಹೆಣ್ಣುಮಗಳೂ ಅದನ್ನು ಬಿಡಬೇಕಾಗಿಲ್ಲ.