ಎಲೆ ಉದುರಿದ ಕಾಡಿನಲ್ಲಿ ಮರದ ಗುರುತು

ಚಿತ್ರದುರ್ಗ, 10 ಮಾರ್ಚ್ 2024, ಭಾನುವಾರ

ಬೆಳಿಗ್ಗೆ ಅಣ್ಣನ ಮಗಳೊಡನೆ ಜೋಗಿಮಟ್ಟಿಯ ಕಡೆ ಹೋಗಿದ್ದೆ. ಇದು ಎಲೆ ಉದುರುವ ಒಣಕಾಡಾದ್ದರಿಂದ ಮಾರ್ಚ್ ತಿಂಗಳ ಹೊತ್ತಿಗೆ ಮತ್ತಿ, ದಿಂಡಿಗ, ಹೊನ್ನೆಗಳು ಬಹುಮಟ್ಟಿಗೆ ಬೋಳಾಗಿರುತ್ತವೆ. ಸಸ್ಯಶಾಸ್ತ್ರ ಓದುತ್ತಿರುವ ಹುಡುಗಿ, "ಎಲೆಯೇ ಇಲ್ಲವಲ್ಲ ಚಿಕ್ಕಪ್ಪ, ಏನು ನೋಡಿ ಹೇಳುವುದು?" ಎಂದಳು. ನಮ್ಮ ಸೀಮೆಯಲ್ಲಿ ಮೊದಲು ತೊಗಟೆ, ಅನಂತರ ಬುಡದಲ್ಲಿ ಬಿದ್ದಿರುವ ಕಾಯಿ, ಕೊನೆಗೆ ಎಲೆ ಎಂಬ ಕ್ರಮವೇ ಸರಿ ಎಂದು ನನ್ನ ಅಭಿಪ್ರಾಯ.

ಮತ್ತಿಯನ್ನು ದೂರದಿಂದಲೇ ಹೇಳಬಹುದು. ಅದರ ಕಪ್ಪುಬೂದು ತೊಗಟೆ ಉದ್ದಕ್ಕೂ ಅಡ್ಡಕ್ಕೂ ಆಳವಾಗಿ ಸೀಳಿ, ಮೊಸಳೆಯ ಬೆನ್ನಿನಂತೆ ಬಿಲ್ಲೆಬಿಲ್ಲೆಯಾಗಿರುತ್ತದೆ. ಕಾಯಿಗೆ ಐದು ರೆಕ್ಕೆಗಳು. ಹೊಳೆಮತ್ತಿಯ ಕಾಯಿಗೂ ಐದೇ ರೆಕ್ಕೆಗಳಿರುವುದರಿಂದ ಕಾಯಿಯೊಂದನ್ನೇ ನಂಬುವಂತಿಲ್ಲ. ಆದರೆ ಹಳ್ಳದ ದಂಡೆಯನ್ನು ಬಯಸುವ ಆ ಮರದ ತೊಗಟೆ ನುಣುಪಾಗಿ, ಬೆಳ್ಳಗೆ, ಪದರಪದರವಾಗಿ ಕಳಚಿಕೊಳ್ಳುತ್ತದೆ. ಮತ್ತಿಯ ಬುಡದಲ್ಲಿ ಬಿದ್ದಿದ್ದ ಒಣ ಎಲೆಯೊಂದನ್ನು ಮಗುಚಿ, ತೊಟ್ಟಿನ ಹತ್ತಿರ ನಡುನರದ ಮೇಲೆ ಪುಟ್ಟ ಕಾವಿನ ಎರಡು ಗ್ರಂಥಿಗಳು ಎದ್ದು ನಿಂತಿರುವುದನ್ನು ಮಸೂರದಲ್ಲಿ ತೋರಿಸಿದೆ. ಅದೇ ಕುಟುಂಬದ ದಿಂಡಿಗದ ತೊಗಟೆಯೂ ನಯವಾಗಿ, ತಿಳಿಬೂದು ಬಣ್ಣಕ್ಕಿರುತ್ತದೆ. ಅದರ ಕಾಯಿಗಳು ಮಾತ್ರ ತೀರ ಚಿಕ್ಕವು. ಒಂದಕ್ಕೊಂದು ಒತ್ತಿಕೊಂಡು ಸಣ್ಣ ಗುಂಡುಗಳಾಗಿರುತ್ತವೆ.

ಹೊನ್ನೆ ಮತ್ತು ತಪಸಿ ಮರಗಳಲ್ಲಿ ಗೊಂದಲಕ್ಕೆ ಕಾರಣ ಕಾಯಿಯೇ. ಎರಡರಲ್ಲೂ ದುಂಡನೆಯ ರೆಕ್ಕೆಯ ನಡುವೆ ಬೀಜವಿರುತ್ತದೆ. ಹೊನ್ನೆಯದು ದೊಡ್ಡದು, ಬೀಜವಿರುವ ಭಾಗ ಗಟ್ಟಿಯಾಗಿ ಉಬ್ಬಿರುತ್ತದೆ. ತಪಸಿಯದು ಚಿಕ್ಕದು, ಕಾಗದದಷ್ಟು ತೆಳು, ತುದಿಯಲ್ಲಿ ಸಣ್ಣ ಕಚ್ಚು. ಹೊನ್ನೆಯ ಹಳೆಯ ಗಾಯಗಳಲ್ಲಿ ರಕ್ತವರ್ಣದ ಅಂಟು ಒಸರಿ ಒಣಗಿರುತ್ತದೆ. ಇದನ್ನು ನೋಡಲೆಂದು ಕೆಲವರು ಮಚ್ಚಿನಿಂದ ಹೊಸದಾಗಿ ಕಚ್ಚು ಹಾಕುತ್ತಾರೆ. ವನ್ಯಧಾಮವಿರಲಿ, ಹೊಲದ ಬದುವಿರಲಿ, ಅದು ಅನಗತ್ಯ. ಚಿಗುರಿದ ಮೇಲೆ ಈ ಸಂಶಯವೇ ಉಳಿಯುವುದಿಲ್ಲ, ಏಕೆಂದರೆ ಹೊನ್ನೆಯದು ಹಲವು ಕಿರುಎಲೆಗಳ ಸಂಯುಕ್ತ ಎಲೆ, ತಪಸಿಯದು ಒಂಟಿ ಎಲೆ.

ಎಲೆಯೊಂದೇ ಸಾಕೆನ್ನಬಹುದಾದ ಮರ ಕಮರ. ತೊಟ್ಟಿನ ತುದಿಯಲ್ಲಿ ಎರಡೇ ಕಿರುಎಲೆಗಳು ಬುಡಕ್ಕೆ ಬುಡ ತಾಗಿಸಿಕೊಂಡಿರುತ್ತವೆ. ಚಪ್ಪಟೆ ಕಾಯಿಯ ತುದಿಯಲ್ಲಿ ಒಂದೇ ಬೀಜ.

ಮುಳ್ಳಿರುವ ಬಿಲ್ವವನ್ನೂ ಬೇಲವನ್ನೂ ಒಂದೇ ಎನ್ನುವವರು ಊರಿನಲ್ಲೂ ಇದ್ದಾರೆ. ಬಿಲ್ವದ್ದು ಪೂಜೆಗೆ ಒಯ್ಯುವ ಮೂರೆಲೆ, ಕಾಯಿಯ ಚಿಪ್ಪು ನುಣುಪು. ಬೇಲದ್ದು ಸಾಮಾನ್ಯವಾಗಿ ಐದು ಅಥವಾ ಏಳು ಕಿರುಎಲೆಗಳು, ಅವುಗಳ ನಡುವಿನ ಕಾವಿಗೆ ಕಿರಿದಾದ ರೆಕ್ಕೆ; ಕಾಯಿ ಬೂದುಬಣ್ಣದ್ದು, ಮುಟ್ಟಿದರೆ ಒರಟು. ಎಲೆ ಹಿಸುಕಿದರೆ ಸೋಂಪಿನ ವಾಸನೆ ಬರುತ್ತದೆ.

ರಸ್ತೆಬದಿಯ ಜಾಲಿಗಳನ್ನು ಇಳಿಯುವಾಗ ನೋಡಿದೆವು. ಕರಿಜಾಲಿಯ ಹೂವು ಹಳದಿ ಚೆಂಡು, ಕಾಯಿ ಪ್ರತಿ ಬೀಜದ ನಡುವೆ ಸೊಂಟ ಬಿಗಿದಂತೆ ಕಿರಿದಾಗಿರುತ್ತದೆ. ಹೊರಗಿನಿಂದ ಬಂದ ಬಳ್ಳಾರಿ ಜಾಲಿಯ ಹೂವು ಉದ್ದನೆಯ ತೆನೆ. ಅದರ ಹಳದಿ ಕಾಯಿಯಲ್ಲಿ ಅಷ್ಟು ಆಳವಾದ ಕಚ್ಚುಗಳಿಲ್ಲ, ತಿರುಳು ಸಿಹಿ. ಅದನ್ನು ತಿಂದ ಆಡುಕುರಿಗಳು ಬೀಜವನ್ನು ಹಿಕ್ಕೆಯೊಡನೆ ಹೊಲದಿಂದ ಹೊಲಕ್ಕೆ ಹರಡುತ್ತವೆ.