ಕಬ್ಬಿನ ಬಿಲ್ಲು, ಜೋಳದ ಪಹಣಿ

ಅವ್ವನ ಟ್ರಂಕಿನಲ್ಲಿ ಸಕ್ಕರೆ ಕಾರ್ಖಾನೆಯ ಹಳೆಯ ಬಿಲ್ಲುಗಳ ಒಂದು ಕಟ್ಟು ಇದೆ. ಹಳದಿ ತಿರುಗಿದ ಕಾಗದ, ಮಸುಕಾದ ಮುದ್ರೆ. ಇಲಿ ತಿನ್ನದೆ ಬಿಟ್ಟದ್ದು ನಮ್ಮ ಪುಣ್ಯ.

ನಮ್ಮ ನಾಲ್ಕು ಎಕರೆ ಆಲಮಟ್ಟಿ ಹಿನ್ನೀರಿಗೆ ಹೋಯಿತು. ಬಾಗಲಕೋಟೆ ಜಿಲ್ಲೆಯಲ್ಲಿ ‘ಮುಳುಗಡೆ’ ಅಂದರೆ ಸಾಕು, ಬಿಡಿಸಿ ಹೇಳಬೇಕಿಲ್ಲ. 1997ರಲ್ಲಿ ಜಮೀನು ತಗೊಳ್ಳುತ್ತೇವೆ ಎಂಬ ನಾಲ್ಕನೇ ಕಲಮಿನ ನೋಟಿಫಿಕೇಶನ್ ಬಂತು, ಎರಡು ವರ್ಷದ ಮೇಲೆ ಅವಾರ್ಡ್, ಅಂದರೆ ಪರಿಹಾರದ ಆದೇಶ. ಎಕರೆಗೆ 38,000. ಪಹಣಿಯಲ್ಲಿ ಬೆಳೆ ಜೋಳ ಅಂತಿತ್ತು, ಅದಕ್ಕೇ ಖುಷ್ಕಿ ದರ, ಅಂದರೆ ಮಳೆ ನಂಬಿದ ಒಣ ಜಮೀನಿನ ದರ. ಅಷ್ಟರಲ್ಲಿ ಅಪ್ಪ ಬಾವಿ ತೋಡಿಸಿ ಕಬ್ಬು ಹಚ್ಚಿ ಎಂಟು ವರ್ಷವಾಗಿತ್ತು! ಪಹಣಿ ಬರೆಯುವವರು ಹೊಲದ ಕಡೆ ತಲೆ ಹಾಕದೆ ವರ್ಷಾ ವರ್ಷ ಹಳೆಯದನ್ನೇ ನಕಲು ಮಾಡಿದ್ದರು.

ದುಡ್ಡು ತಗೊಳ್ಳುವಾಗ ಅಪ್ಪ ‘ತಕರಾರಿನೊಂದಿಗೆ’ ಎಂದು ಬರೆದು ಸಹಿ ಹಾಕಿದ. ಪಕ್ಕದ ಹೊಲದ ಕಾಕಾ ಸುಮ್ನೆ ಸಹಿ ಹಾಕಿ ಬಂದ. 1894ರ ಹಳೆಯ ಭೂಸ್ವಾಧೀನ ಕಾಯ್ದೆಯಲ್ಲಿ ಆ ಒಂದು ಪದ ಇಲ್ಲದಿದ್ದರೆ 18ನೇ ಕಲಮಿನಡಿ ಕೋರ್ಟಿಗೆ ಹೋಗುವ ದಾರಿಯೇ ಮುಚ್ಚುತ್ತಿತ್ತು.

ಸಿವಿಲ್ ಕೋರ್ಟಿನಲ್ಲಿ ವಕೀಲ ಸಾಹೇಬರು ಬಿಲ್ಲಿನ ಕಟ್ಟು ಬಿಚ್ಚಿದರು. ಕೋರ್ಟು ಒಪ್ಪಿದ ಲೆಕ್ಕ ಹೀಗೆ: ಎಕರೆಗೆ 40 ಟನ್, ಟನ್ನಿಗೆ 600, ಒಟ್ಟು 24,000. ಅರ್ಧ ಖರ್ಚಿಗೆ ಕಳೆದರೆ 12,000. ಅದಕ್ಕೆ ಹತ್ತರಿಂದ ಗುಣಿಸಿ 1,20,000. ಇದರ ಮೇಲೆ ನೂರಕ್ಕೆ 30 ಸೊಲೇಶಿಯಂ. ಅಪ್ಪ ಅದನ್ನು ‘ಸಮಾಧಾನದ ದುಡ್ಡು’ ಅಂತಿದ್ದ. ಹೆಚ್ಚಾದ ಮೊತ್ತಕ್ಕೆ ಮೊದಲ ವರ್ಷ ಶೇಕಡ 9, ಆಮೇಲೆ ಶೇಕಡ 15 ಬಡ್ಡಿ. ಯಾವ ಬ್ಯಾಂಕೂ ಕೊಡದ ಬಡ್ಡಿ. ಸರ್ಕಾರಕ್ಕಾದರೂ ತಡ ಮಾಡಿ ಏನು ಲಾಭ, ನನಗಂತೂ ಇವತ್ತಿಗೂ ತಿಳಿದಿಲ್ಲ.

ಆದರೂ ಸರ್ಕಾರದವರು ಹೈಕೋರ್ಟಿಗೆ ಅಪೀಲು ಹಾಕಿದರು. ಅದೂ ಅವಧಿ ಮುಗಿದ ಮೇಲೆ, ತಡವಾದದ್ದನ್ನು ಮನ್ನಿಸಿ ಎಂಬ ಅರ್ಜಿ ಜೊತೆಗೆ. ನಾವೂ ಜಾಸ್ತಿ ಕೇಳಬಹುದಿತ್ತು. ಆದರೆ ಹೆಚ್ಚು ಕೇಳಿದಷ್ಟಕ್ಕೂ ಕೋರ್ಟ್ ಫೀ ಕಟ್ಟಬೇಕು. ಅಪ್ಪ ಕೈಯಾಡಿಸಿ ಬೇಡ ಅಂದ. ಅರ್ಧ ಹಣ ಕೋರ್ಟಿನಲ್ಲಿ ಡೆಪಾಸಿಟ್ ಆಯಿತು, ಅದರಲ್ಲೇ ತಂಗಿಯ ಮದುವೆ ಮುಗಿಯಿತು.

ಮೊದಲು ರಾತ್ರಿ ಬಸ್ಸು ಹಿಡಿದು ಬೆಂಗಳೂರಿಗೆ ಓಡಾಟ. 2008ರಲ್ಲಿ ಧಾರವಾಡದಲ್ಲಿ ಹೈಕೋರ್ಟ್ ಪೀಠ ಶುರುವಾದ ಮೇಲೆ ಫೈಲು ಅಲ್ಲಿಗೆ ಬಂತು. ನಾನು ಲಗ್ನವಾಗಿ ಬಂದದ್ದು ಧಾರವಾಡಕ್ಕೇ. ಅಲ್ಲಿಂದ ಕೇಸು ನನ್ನ ಪಾಲಿಗೆ ಬಿತ್ತು. ಅಪೀಲಿನ ಎಂ.ಎಫ್.ಎ. ನಂಬರ್ ನನಗೆ ನನ್ನ ಫೋನ್ ನಂಬರಿಗಿಂತ ಚೆನ್ನಾಗಿ ಬಾಯಿಪಾಠ. 2011ರಲ್ಲಿ ಅಪ್ಪ ತೀರಿಕೊಂಡ. ಮೂರು ಮಕ್ಕಳು ಮತ್ತು ಅವ್ವನ ಹೆಸರನ್ನು ವಾರಸುದಾರರೆಂದು ಸೇರಿಸಲು ಮತ್ತೆ ಅರ್ಜಿ, ಮತ್ತೆ ತಾರೀಖು.

ಈ ನಡುವೆ ಕಾಕಾ ವಾರಕ್ಕೊಮ್ಮೆ ಫೋನು ಮಾಡುತ್ತಿದ್ದ. ಸಿವಿಲ್ ಕೋರ್ಟಿನ ತೀರ್ಪು ಬಂದ ಮೂರು ತಿಂಗಳೊಳಗೆ 28ಎ ಕಲಮಿನಡಿ ಅರ್ಜಿ ಹಾಕಿದ್ದನಲ್ಲ? ಕೋರ್ಟಿಗೆ ಹೋಗದವರಿಗೂ ಅದೇ ದರ ಕೊಡಿಸುವ ಕಲಂ ಅದು. ಆದರೆ ನಮ್ಮ ಅಪೀಲು ಮುಗಿಯುವ ತನಕ ಅವನ ಕಾಗದವೂ ಕದಲುವಂತಿಲ್ಲ. “ನಿಮ್ಮದು ಏನಾಯ್ತವ್ವಾ?” ಅಂತಿದ್ದ. ಕೇಳುತ್ತಿದ್ದದ್ದು ತನ್ನದನ್ನು.

2014ರಲ್ಲಿ ತೀರ್ಪು ಬಂತು. ಇಳುವರಿ 36 ಟನ್ ಅಂತ ಹಿಡಿದು ದರವನ್ನು 1,08,000ಕ್ಕೆ ಇಳಿಸಿದರು. ಎಕರೆಗೆ ಹನ್ನೆರಡು ಸಾವಿರ ಕಡಿಮೆ. ನಾನು ಬೇಜಾರಾದೆ. ಅವ್ವ ಮಾತ್ರ “ಕಬ್ಬು ಅಂತ ಬರದಾರಲ್ಲ, ಬಿಡು” ಅಂದಳು.

ಈಗ ಆಲಮಟ್ಟಿಯ ನೀರಿನ ಮಟ್ಟ 519.6 ಮೀಟರಿನಿಂದ 524.256ಕ್ಕೆ ಏರಿಸುವ ಮಾತು. 2025ರಲ್ಲಿ ಸರ್ಕಾರ ದರವನ್ನೂ ಹೇಳಿದೆ: ಮುಳುಗುವ ನೀರಾವರಿ ಜಮೀನಿಗೆ ಎಕರೆಗೆ 40 ಲಕ್ಷ, ಖುಷ್ಕಿಗೆ 30 ಲಕ್ಷ. ಅಣ್ಣ ಆಮೇಲೆ ಕೊಂಡ ಎರಡು ಎಕರೆಯೂ ನದಿಯ ಕಡೆಗೇ ಇದೆ. ಮೊನ್ನೆ ಫೋನು ಮಾಡಿ, ನಾಡಕಚೇರಿಯಲ್ಲಿ ಸಾಲಿನಲ್ಲಿ ನಿಂತಿದ್ದೇನೆ, ಪಹಣಿ ತೆಗೆಸುತ್ತಿದ್ದೇನೆ ಅಂದ. ಅರ್ಧ ಗಂಟೆ ಬಿಟ್ಟು ವಾಟ್ಸಾಪಿನಲ್ಲಿ ಫೋಟೊ ಬಂತು. ಬೋರು ಹಾಕಿಸಿ ಕಬ್ಬು ಬೆಳೆಯುತ್ತಿರುವ ಹೊಲ. ಬೆಳೆ ಕಾಲಂ ದೊಡ್ಡದು ಮಾಡಿ ನೋಡಿದೆ. ಜೋಳ.