ಲಕ್ಕುಂಡಿಯ ಬಾವಿ ಮತ್ತು ಲೊಕ್ಕಿ ಎಂಬ ಕಪ್ಪುಕುಳಿ

ಧಾರವಾಡದಲ್ಲಿ ಭೌತಶಾಸ್ತ್ರ ಎಂ.ಎಸ್ಸಿ. ಓದುವ ನನ್ನ ಅಕ್ಕನ ಮಗಳು ಒಂದು ಕಥೆ ಬರೆಯುತ್ತಿದ್ದಾಳೆ. ಕಥೆಯಲ್ಲಿ ಒಂದು ಕಪ್ಪುಕುಳಿ ಇದೆ, ಅಂದರೆ ಬೆಳಕೂ ತಪ್ಪಿಸಿಕೊಳ್ಳಲಾಗದಷ್ಟು ಸೆಳೆತವಿರುವ ಬ್ಲ್ಯಾಕ್ ಹೋಲ್. ಹೆಸರು ಲೊಕ್ಕಿ. ಅದರ ಹತ್ತಿರ ಒಂದು ದಿನ ಕಳೆದರೆ ಭೂಮಿಯ ಮೇಲೆ ಒಂದು ವರ್ಷ ಕಳೆದಿರುತ್ತದೆ. ಶಾಸನಗಳಲ್ಲಿ ಲಕ್ಕುಂಡಿಯ ಹೆಸರು ಲೊಕ್ಕಿಗುಂಡಿ. ಹೆಸರು ಕೊಟ್ಟ ಊರನ್ನು ನೋಡಲೇಬೇಕು ಎಂದು ಹಟ ಹಿಡಿದಳು. ಹೊರಟೆವು.

ಗದಗಿನಲ್ಲಿ ವೀರನಾರಾಯಣ, ತ್ರಿಕೂಟೇಶ್ವರ ಎರಡೂ ಗುಡಿ ನೋಡಿ, ಗಿರ್ಮಿಟ್ ಜೊತೆ ಮಿರ್ಚಿ ತಿಂದೆವು. ಗಿರ್ಮಿಟ್ ಬಿಸಿಯಾಗಿರದಿದ್ದರೂ ನಡೆಯುತ್ತದೆ, ಮಿರ್ಚಿ ಮಾತ್ರ ಬಾಣಲೆಯಿಂದ ನೇರ ತಟ್ಟೆಗೆ ಬರಬೇಕು. ಅಲ್ಲಿ ಬಂತು.

ಲಕ್ಕುಂಡಿ ಗದಗಿನಿಂದ ಸುಮಾರು 12 ಕಿ.ಮೀ. ಆಟೋ ಹಿಡಿದೆವು. ಹೋಗಿ ಬರುವುದಕ್ಕೆ ಒಂದೇ ಮಾತಿನ ಬಾಡಿಗೆ ಎಂದಿದ್ದವನು, ಊರು ಮುಟ್ಟಿದ ಮೇಲೆ "ಕಾಯೋ ರೊಕ್ಕ ಬ್ಯಾರೆ ರೀ" ಎಂದ. ಅದೂ ತಾಸಿನ ಲೆಕ್ಕ! ಈಗಲೂ ಸಿಟ್ಟು ಬರುತ್ತದೆ. ನೀವು ಹೋದರೆ ಕಾಯುವ ದುಡ್ಡು ಸೇರಿಸಿಯೇ ಬಾಡಿಗೆ ಮಾತಾಡಿ. ಇಲ್ಲವೇ ಬಸ್ಸಿಗೆ ಹೋಗಿ, ಗುಡಿಗಳನ್ನು ನಡೆದೇ ನೋಡಬಹುದು.

ಕಾಶಿವಿಶ್ವನಾಥ ಗುಡಿಯ ಬಾಗಿಲ ಕೆತ್ತನೆಯ ಮುಂದೆ ನನಗೆ ಹಳೇಬೀಡೂ ಸ್ವಲ್ಪ ಜಾಸ್ತಿ ಆಯಿತು ಅನಿಸುತ್ತದೆ. ಒಂದೇ ಜಗಲಿಯ ಮೇಲೆ ಶಿವನ ಗುಡಿ, ಅದರ ಎದುರಿಗೇ ಸೂರ್ಯನ ಗುಡಿ. ಅತ್ತಿಮಬ್ಬೆ 1007ರಲ್ಲಿ ಕಟ್ಟಿಸಿದ ಬ್ರಹ್ಮ ಜಿನಾಲಯವನ್ನೂ ನೋಡಿದೆವು. ಆಮೇಲೆ ಮಾಣಿಕೇಶ್ವರ ಗುಡಿಯ ಪಕ್ಕದ ಮುಸುಕಿನ ಬಾವಿಗೆ ಬಂದು, ಉಳಿದ ಹೊತ್ತೆಲ್ಲ ಅಲ್ಲೇ ಕಳೆದೆವು.

ಮೆಟ್ಟಿಲು ಇಳಿಯುತ್ತ ಹೋದಂತೆ ಗೋಡೆಯಲ್ಲಿ ಪುಟ್ಟ ಪುಟ್ಟ ಗೂಡುಗುಡಿಗಳು. ನಾನು ಮೇಲೆಯೇ ಕೂತೆ. ಅವಳು ಕೆಳಗೆ ಇಳಿದು ಕೂತು ಕೂಗಿದಳು: "ಮಾಮಾ, ನಾ ಕುಂತಲ್ಲಿ ಕಾಲ ನಿಮಗಿಂತ ನಿಧಾನ ಓಡಾಕತ್ತೈತಿ ನೋಡ್ರಿ."

"ಕಥಿ ಸಾಕು, ಮ್ಯಾಲ ಬಾ" ಅಂದೆ.

"ಕಥಿ ಅಲ್ರಿ, ಖರೇನ."

ಹೌದಂತೆ. ಗುರುತ್ವದ ಸೆಳೆತದಿಂದಾಗಿ, ಭೂಮಿಯ ಒಡಲಿಗೆ ಹತ್ತಿರ ಇಳಿದಷ್ಟೂ ಗಡಿಯಾರ ನಿಧಾನ. 2010ರಲ್ಲಿ ಅಮೆರಿಕದ ವಿಜ್ಞಾನಿಗಳು ಒಂದು ಗಡಿಯಾರವನ್ನು ಇನ್ನೊಂದಕ್ಕಿಂತ ಬರೀ 33 ಸೆಂಟಿಮೀಟರ್ ಮೇಲೆತ್ತಿ ಇದನ್ನು ಅಳೆದಿದ್ದಾರೆ. ಅಂದರೆ ಒಂದು ಮೆಟ್ಟಿಲಿನಷ್ಟು. ಬ್ರಹ್ಮ ಜಿನಾಲಯ ಕಟ್ಟಿದಾಗ ನೆಲದ ಮೇಲೊಂದು, ಹತ್ತು ಅಡಿ ಕೆಳಗೊಂದು ಗಡಿಯಾರ ಇಟ್ಟಿದ್ದರೆ, ಇಷ್ಟೊತ್ತಿಗೆ ಕೆಳಗಿನದು ಒಂದು ಸೆಕೆಂಡಿನ ಲಕ್ಷದಲ್ಲಿ ಒಂದು ಪಾಲು ಹಿಂದೆ ಬಿದ್ದಿರುತ್ತಿತ್ತು. ಅವಳು ಲೆಕ್ಕ ಹಾಕಿ ತೋರಿಸಿದಳು.

"ಇಷ್ಟಕ್ಕ ಯಾಕವ್ವಾ ಇಷ್ಟು ಗದ್ದಲ?" ಎಂದು ಕೇಳಿದೆ.

ನನ್ನ ಕೈಯಲ್ಲಿದ್ದ ಮೊಬೈಲ್ ತೋರಿಸಿದಳು. ನಕ್ಷೆಗೆ ದಾರಿ ಹೇಳುವ ಜಿಪಿಎಸ್ ಉಪಗ್ರಹಗಳ ಗಡಿಯಾರ ನಮ್ಮದಕ್ಕಿಂತ ದಿನಕ್ಕೆ 38 ಮೈಕ್ರೋಸೆಕೆಂಡ್ ಮುಂದೆ ಓಡುತ್ತದೆ. ಅದನ್ನು ಸರಿಮಾಡದೆ ಬಿಟ್ಟರೆ ದಿನಕ್ಕೆ ಸುಮಾರು 10 ಕಿ.ಮೀ. ತಪ್ಪು ಬೆಳೆಯುತ್ತದೆ. ಲಕ್ಕುಂಡಿಯಲ್ಲಿ ನಿಂತವರನ್ನು ಗದಗಿನ ಹತ್ತಿರ ತೋರಿಸಿದಂತಾಯಿತು, ಅಲ್ವಾ? ನಾನು ಎದ್ದು ಕೆಳಗಿಳಿದು ಅವಳ ಪಕ್ಕ ಕೂತೆ.

ಲೊಕ್ಕಿಯ ವಿಷಯ ಶುರುವಾಯಿತು. ತಿರುಗದೆ ಸುಮ್ನೆ ಇರುವ ಕಪ್ಪುಕುಳಿ ಅವಳ ಕಥೆಗೆ ಸಾಲದು. ಅದರ ಅತಿ ಹತ್ತಿರದ ಸ್ಥಿರ ಕಕ್ಷೆಯಲ್ಲಿ ಸುತ್ತಿದರೂ, ಅಲ್ಲಿಯ ಒಂದು ವರ್ಷಕ್ಕೆ ದೂರದವರಿಗೆ ಸುಮಾರು 1.4 ವರ್ಷ ಅಷ್ಟೇ. ಕಪ್ಪುಕುಳಿ ಜೋರಾಗಿ ತಿರುಗಿದರೆ ಇನ್ನೂ ಹತ್ತಿರ ಸುತ್ತಬಹುದು, ಅಲ್ಲಿ ಕಾಲ ಇನ್ನೂ ನಿಧಾನ. ಹಾಗಾಗಿ ಲೊಕ್ಕಿಯನ್ನು ಕಪ್ಪುಕುಳಿ ತಿರುಗಬಹುದಾದ ವೇಗದ ಮಿತಿಯ ಅಂಚಿಗೇ ತಂದಿದ್ದಾಳೆ. ತೂಕವೂ ಕೋಟಿಗಟ್ಟಲೆ ಸೂರ್ಯರಷ್ಟು. ಸಣ್ಣ ಕಪ್ಪುಕುಳಿಯಾದರೆ ಹತ್ತಿರ ಹೋದವರ ತಲೆಗೂ ಕಾಲಿಗೂ ಸೆಳೆತದಲ್ಲಿ ವ್ಯತ್ಯಾಸ ಹೆಚ್ಚಾಗಿ ಮೈ ಸೀಳಿಹೋಗುತ್ತದೆ. ನಮ್ಮ ಗ್ಯಾಲಕ್ಸಿಯ ನಡುವೆ ಇರುವುದು ಸುಮಾರು 40 ಲಕ್ಷ ಸೂರ್ಯರ ತೂಕದ್ದು. ಅದರ ಚಿತ್ರ 2022ರಲ್ಲಿ ಬಂತು. ಲೊಕ್ಕಿ ಅದಕ್ಕಿಂತ ದೊಡ್ಡದು.

ಇಷ್ಟೆಲ್ಲ ಲೆಕ್ಕ ಹಾಕಿದ ಮೇಲೆ ಕಥೆ ಮಾತ್ರ ಬಹಳ ಸಣ್ಣದು. ಲಕ್ಕುಂಡಿಯ ಒಬ್ಬ ಹುಡುಗಿ ಲೊಕ್ಕಿಗೆ ಹೋಗುತ್ತಾಳೆ. ಮೂವತ್ತು ದಿನ ಇರುತ್ತಾಳೆ. ಹೊರಡುವಾಗ ಅವಳ ಅವ್ವನಿಗೆ ಐವತ್ತೈದು ವರ್ಷ.

ಕೂಡಿಸಿ ನೋಡಿದೆ. ಎದೆ ಧಸಕ್ಕಂತು.

"ಆಕಿಗೆ ಗೊತ್ತಿರಂಗಿಲ್ಲೇನು?"

"ಗೊತ್ತಿರತೈತ್ರಿ. ಗೊತ್ತಿದ್ದ ಹೋಗ್ತಾಳ."

"ಮತ್ತ ಅವ್ವಗ?"

"ಅವ್ವಗೂ ಗೊತ್ತು. ಆಕಿನ ರೊಟ್ಟಿ ಕಟ್ಟಿಕೊಡ್ತಾಳ."

ಕಾಲ ಬಾಗುವುದು ಎಂದರೆ ಬರೀ ಸಮೀಕರಣ ಅಂದುಕೊಂಡಿದ್ದೆ. ಹೋದವಳಿಗೆ ಒಂದು ತಿಂಗಳು. ಮನೆಯಲ್ಲಿ ಉಳಿದವಳಿಗೆ ಮೂವತ್ತು ಸಂಕ್ರಾಂತಿ, ಮೂವತ್ತು ನಾಗರ ಪಂಚಮಿ. ಪಂಚಮಿಗೆ ಮಗಳು ತವರಿಗೆ ಬರಲಿಲ್ಲ ಎಂದರೆ ನಮ್ಮ ಕಡೆ ಅವ್ವಂದಿರು ಬಾಗಿಲಿಗೆ ಎಷ್ಟು ಸಲ ಬಂದು ನೋಡುತ್ತಾರೆ ಅಂತ ನನಗೆ ಗೊತ್ತು. ಲೊಕ್ಕಿಯ ಸೆಳೆತ ಆ ಮನೆಯವರೆಗೂ ಬಂದಿದೆ ಅನಿಸಿತು.

"ಅಷ್ಟು ದಿನ ಬ್ಯಾಡವ್ವಾ. ಹತ್ತು ದಿನಕ್ಕ ತಿರುಗಿ ಹೊಂಡಸು. ಅವ್ವಗ ಅರವತ್ತೈದು ಆಗಿರತೈತಿ, ಗಟ್ಟಿ ಇರ್ತಾಳ" ಅಂದೆ.

ಅವಳು ಒಪ್ಪಲಿಲ್ಲ. ಆಟೋದಲ್ಲೂ ಅದೇ ಮಾತು, ಹುಬ್ಬಳ್ಳಿ ಬಸ್ಸಿನಲ್ಲೂ ಅದೇ ಮಾತು. ಅಣ್ಣಿಗೇರಿ ದಾಟುವಾಗ ಇಪ್ಪತ್ತು ದಿನಕ್ಕೆ ಇಳಿದಳು. ಹೋದವಳ ಕೆಲಸ ಅದಕ್ಕಿಂತ ಬೇಗ ಮುಗಿಯುವುದಿಲ್ಲವಂತೆ. ನಾನು ಇನ್ನೂ ಹತ್ತಕ್ಕೇ ನಿಂತಿದ್ದೇನೆ.